ಕೇಳೂ ಹೂಂ, ಕೊಡೂ ಹೂಂ

ನಮ್ಮ ಊರು ರೋಣ, ನರಗುಂದ, ಗಜೇಂದ್ರಗಡ ಈ ಮೂರರಲ್ಲಿ ಒಂದು. ಯಾವುದೆಂದು ಹೇಳಿದರೆ ಉಳಿದದ್ದನ್ನೆಲ್ಲ ಹೇಳಿದಂತೆಯೇ ಆಗುತ್ತದೆ. ಊರಿನಲ್ಲಿ ಖಾರ ಕುಟ್ಟುವ ಗಿರಣಿಗಳು ಯಾವ ಯಾವ ಓಣಿಯಲ್ಲಿವೆ, ಅವುಗಳಲ್ಲಿ ಹೆಂಗಸಿನ ಹೆಸರಿನಲ್ಲಿರುವುದು ಯಾವುದು ಎಂಬುದು ಸಂತೆಗೆ ಬರುವವರಿಗೆಲ್ಲ ಗೊತ್ತು. ಆದ್ದರಿಂದ ಊರಿನ ಹೆಸರು ಬಿಡುತ್ತೇನೆ. ಮನುಷ್ಯರ ಹೆಸರಂತೂ ಬೇಡವೇ ಬೇಡ.

ನನ್ನದು ಸರಕಾರಿ ಕಚೇರಿಗಳ ಎದುರಿಗೆ ಒಂದು ಟೈಪಿಂಗ್ ಮತ್ತು ಝೆರಾಕ್ಸ್ ಅಂಗಡಿ. ‘ಮಾನ್ಯರೇ’ ಎಂದು ಶುರುವಾಗಿ ‘ತಮ್ಮ ವಿಶ್ವಾಸಿ’ ಎಂದು ಮುಗಿಯುವ ಕಾಗದಗಳನ್ನು ಬೆಳಗಿನಿಂದ ಸಂಜೆಯವರೆಗೆ ಬಡಿಯುತ್ತೇನೆ. ಈ ಕೆಲಸದಿಂದ ನನಗೊಂದು ಚಟ ಅಂಟಿದೆ. ಒಬ್ಬರು ಬಾಯಿಯಲ್ಲಿ ಹೇಳಿದ್ದಕ್ಕೂ ಕಾಗದದಲ್ಲಿ ಮೂಡಿದ್ದಕ್ಕೂ ಒಂದು ಕೂದಲೆಳೆಯ ವ್ಯತ್ಯಾಸ ಕಂಡರೂ ನನಗೆ ತಡೆಯುವುದಿಲ್ಲ, ಎದುರಿಗಿರುವವರು ಯಾರೆಂದು ನೋಡದೆ ಅಂದುಬಿಡುತ್ತೇನೆ. ಮನೆಯವರು ಇದಕ್ಕೆ ಸಿಡುಕು ಎನ್ನುತ್ತಾರೆ. ಇದ್ದರೂ ಇರಬಹುದು.

ನನ್ನ ಚಿಗವ್ವ, ಅಂದರೆ ತಾಯಿಯ ಕೊನೆಯ ತಂಗಿ, ನಡೆಸುವ ಗಿರಣಿ ನನ್ನ ಅಂಗಡಿಯ ಹಿಂದಿನ ಓಣಿಯಲ್ಲಿದೆ. ಚಿಗಪ್ಪ ಲಾರಿಯ ಮೇಲೆ ಹೋಗುವವರು. ಹೊರಟರೆ ಮನೆಗೆ ಯಾವಾಗ ಬರುತ್ತಾರೆ ಎಂಬುದು ಅವರಿಗೇ ಗೊತ್ತಿರುವುದಿಲ್ಲ. ಹಾಗಾಗಿ ಗಿರಣಿಯ ಉದ್ದಿಮೆ ಪರವಾನಗಿ ಮೊದಲಿನಿಂದಲೂ ಚಿಗವ್ವನ ಹೆಸರಿನಲ್ಲಿದೆ. ಒಳಗೆ ಎರಡು ಯಂತ್ರಗಳು. ಒಂದು ಜೋಳ ಬೀಸುವುದು, ಇನ್ನೊಂದು ಖಾರ ಕುಟ್ಟುವುದು. ಜೋಳದ್ದು ವರ್ಷವಿಡೀ ತಿರುಗುತ್ತದೆ, ಆದರೆ ಅದರಿಂದ ಕರೆಂಟ್ ಬಿಲ್ಲು ಕಟ್ಟಿದರೆ ಹೆಚ್ಚು. ಮನೆ ನಡೆಯುವುದು ಖಾರದ ಮೇಲೆ. ಶಿವರಾತ್ರಿಯ ಆಸುಪಾಸಿನಿಂದ ಮೊದಲ ಮಳೆ ಬೀಳುವವರೆಗೆ ಅದರ ಹಂಗಾಮು. ಸುತ್ತಲಿನ ಊರುಗಳ ಹೆಂಗಸರು ಮೆಣಸಿನಕಾಯಿ, ಕೊತ್ತಂಬರಿ ಬೀಜ, ಒಣಕೊಬ್ಬರಿ, ಮಸಾಲೆ ಎಲ್ಲ ಮನೆಯಲ್ಲೇ ಹುರಿದು ಬುಟ್ಟಿಯಲ್ಲಿ ಹೊತ್ತು ತಂದು, ಇಡೀ ವರ್ಷದ ಖಾರವನ್ನು ಒಮ್ಮೆಲೇ ಕುಟ್ಟಿಸಿಕೊಂಡು ಹೋಗುತ್ತಾರೆ. ಆ ಹಂಗಾಮು ತಪ್ಪಿದರೆ ಚಿಗವ್ವನ ಮನೆಗೆ ಆ ವರ್ಷವೇ ತಪ್ಪಿದಂತೆ.

ಗಿರಣಿಯ ಪಕ್ಕದ ಮನೆ ಒಬ್ಬ ನಿವೃತ್ತ ಮಾಸ್ತರರದು. ನಡುವೆ ಇರುವುದು ಒಂದೇ ಗೋಡೆ. ಅವರ ಹೆಂಡತಿಗೆ ದಮ್ಮು. ಖಾರ ಕುಟ್ಟುವಾಗ ಏಳುವ ಘಾಟಿಗೆ ಗಟ್ಟಿಮುಟ್ಟಾದವರೇ ಮೂಗಿಗೆ ಸೆರಗು ಕಟ್ಟಿಕೊಂಡು ಕೂರುತ್ತಾರೆ, ಇನ್ನು ದಮ್ಮಿನವರ ಪಾಡು ಹೇಳಬೇಕಾಗಿಲ್ಲ. ಮಾಸ್ತರರು ಎರಡು ವರ್ಷ ಚಿಗವ್ವನಿಗೆ ಬಾಯಿಮಾತಿನಲ್ಲಿ ಹೇಳಿದರು. ಚಿಗವ್ವ ಯಂತ್ರದ ಬಾಯಿಗೆ ದಪ್ಪ ಬಟ್ಟೆಯ ಚೀಲ ಹೊಲಿಸಿ ಕಟ್ಟಿದಳು. ಸ್ವಲ್ಪ ಕಡಿಮೆಯಾಯಿತು, ನಿಲ್ಲಲಿಲ್ಲ. ಮೂರನೆಯ ವರ್ಷ ಹಂಗಾಮು ಶುರುವಾಗುತ್ತಿದ್ದಂತೆ ಮಾಸ್ತರರು ಪುರಸಭೆಗೆ ದೂರು ಕೊಟ್ಟರು. ದೂರು ಸುಳ್ಳಾಗಿರಲಿಲ್ಲ. ಈ ಮಾತನ್ನು ಮೊದಲೇ ಹೇಳಿಬಿಡುವುದು ಒಳ್ಳೆಯದು, ಏಕೆಂದರೆ ಆಗ ನಾನು ಓಣಿಯಲ್ಲಿ ಅದನ್ನು ಸುಳ್ಳೆಂದೇ ಹೇಳಿಕೊಂಡು ತಿರುಗುತ್ತಿದ್ದೆ.

ಪುರಸಭೆಯಿಂದ ನೋಟಿಸು ಬಂತು. ನಾಳೆ ಮುಂಜಾನೆ ಮುಖ್ಯಾಧಿಕಾರಿಗಳ ಮುಂದೆ ಹಾಜರಾಗಿ ನಿಮ್ಮ ಅಹವಾಲು ಹೇಳಿಕೊಳ್ಳತಕ್ಕದ್ದು, ತಪ್ಪಿದಲ್ಲಿ ನಿಮ್ಮ ಹೇಳಿಕೆ ಏನೂ ಇಲ್ಲವೆಂದು ತಿಳಿದು ಮುಂದಿನ ಕ್ರಮ ಜರುಗಿಸಲಾಗುವುದು ಎಂದಿತ್ತು. ಚಿಗವ್ವ ಹೆದರಲಿಲ್ಲ. ಅಹವಾಲು ಹೇಳು ಎಂದಿದ್ದಾರೆ, ಹೇಳಿದರಾಯಿತು ಎಂದಳು. ರಾತ್ರಿ ಅಡುಗೆ ಮಾಡುತ್ತ ಏನೇನು ಹೇಳಬೇಕೆಂದು ಮನಸ್ಸಿನಲ್ಲೇ ಜೋಡಿಸಿಕೊಂಡಳು. ಮರುದಿನ ಒಗೆದ ಸೀರೆ ಉಟ್ಟು, ಸಾಹೇಬರಿಗೆ ತೋರಿಸಲೆಂದು ಆ ಬಟ್ಟೆಯ ಚೀಲವನ್ನು ಕೈಚೀಲದಲ್ಲಿ ಮಡಚಿಟ್ಟುಕೊಂಡು ಬಂದಳು. ಅಂಗಡಿಗೆ ಬೀಗ ಹಾಕಿ ನಾನೂ ಜೊತೆಗೆ ಹೋದೆ.

ಒಳಗೆ ಬಿಟ್ಟದ್ದು ಇಬ್ಬರನ್ನು ಮಾತ್ರ, ಪರವಾನಗಿದಾರಳನ್ನು ಮತ್ತು ದೂರುದಾರರನ್ನು. ನಾನು ಬಾಗಿಲ ಹೊರಗೆ ನಿಂತೆ. ಬಾಗಿಲು ತೆರೆದೇ ಇತ್ತು, ಎಲ್ಲ ಕೇಳುತ್ತಿತ್ತು. ಮುಖ್ಯಾಧಿಕಾರಿ ಮೈಸೂರು ಕಡೆಯವರು, ಬಂದು ಬಹಳ ದಿನವಾಗಿರಲಿಲ್ಲ. ಸಭ್ಯ ಮನುಷ್ಯ. ಚಿಗವ್ವನಿಗೆ ಕುರ್ಚಿ ತೋರಿಸಿ, “ಕೂತ್ಕೊಳಮ್ಮ” ಎಂದರು. ಅವಳು ಕೂರಲಿಲ್ಲ. ಅವರು ದೂರನ್ನು ಒಂದೊಂದಾಗಿ ಓದಿ ಹೇಳಿದರು. ನಿಮ್ಮ ಗಿರಣಿಯಿಂದ ಘಾಟು ಬರುತ್ತದೆ. “ಹೂನ್ರಿ” ಎಂದಳು ಚಿಗವ್ವ. ಪಕ್ಕದ ಮನೆಯವರ ಆರೋಗ್ಯ ಕೆಟ್ಟಿದೆ. “ಹೂನ್ರಿ.” ಪುಡಿ ಹಾರದಂತೆ ಸರಿಯಾದ ವ್ಯವಸ್ಥೆ ಮಾಡಿಲ್ಲ. “ಹೂನ್ರಿ.” ಹೇಳಿದರೂ ಕೇಳಿಲ್ಲ. “ಹೂನ್ರಿ.” ಅವರು ಓದುವುದು ಮುಗಿಯಿತು. ಅಷ್ಟರಲ್ಲಿ ಫೋನು ಬಂತು, ಎಲ್ಲೋ ಕುಡಿಯುವ ನೀರಿನ ಪೈಪು ಒಡೆದಿತ್ತು. ಆಯ್ತಮ್ಮ, ಆರ್ಡರ್ ಕಳಿಸಿಕೊಡ್ತೀವಿ ಎಂದು ಎದ್ದು ಹೊರಟೇಬಿಟ್ಟರು.

ಚಿಗವ್ವ ಹೊರಗೆ ಬಂದು ಸ್ವಲ್ಪ ಹೊತ್ತು ಕಟ್ಟೆಯ ಮೇಲೆ ಕೂತಳು. ಕೈಚೀಲ ತೊಡೆಯ ಮೇಲೆ ಹಾಗೆಯೇ ಇತ್ತು.

“ಸಾಹೇಬ್ರು ಭಾಳ ಚಲೋ ಮನಷ್ಯಾರು,” ಎಂದಳು. “ಎಲ್ಲಾ ಸಮಾಧಾನದಿಂದ ಹೇಳಿದ್ರು. ನಂದ ಯಾವಾಗ ಕೇಳತಾರಂತ?”

ಬಹುಶಃ ಮತ್ತೊಮ್ಮೆ ಕರೆಯುತ್ತಾರೆ ಎಂದೆ.

ಕರೆಯಲಿಲ್ಲ. ಆದೇಶವೇ ಬಂತು. ಚಿಗವ್ವ ಅದನ್ನು ನೇರವಾಗಿ ನನ್ನ ಅಂಗಡಿಗೆ ತಂದು ಕೈಗೆ ಕೊಟ್ಟಳು. ‘ಪರವಾನಗಿದಾರರು ಖುದ್ದು ಹಾಜರಿದ್ದು, ತಮ್ಮ ಮೇಲಿನ ಎಲ್ಲ ಆಪಾದನೆಗಳನ್ನು ಒಪ್ಪಿಕೊಂಡಿರುತ್ತಾರೆ. ಆದ್ದರಿಂದ ಉದ್ದಿಮೆ ಪರವಾನಗಿಯನ್ನು ರದ್ದುಪಡಿಸಿ ಗಿರಣಿಯನ್ನು ಮುಚ್ಚಲು ಆದೇಶಿಸಿದೆ.’ ನಾನು ಇದನ್ನು ಗಟ್ಟಿಯಾಗಿ ಓದಿದೆ. ‘ಒಪ್ಪಿಕೊಂಡಿರುತ್ತಾರೆ’ ಎಂಬಲ್ಲಿಗೆ ಬಂದಾಗ ಅವಳು ನನ್ನ ಕೈ ಹಿಡಿದು ನಿಲ್ಲಿಸಿ, ಅದನ್ನು ಇನ್ನೊಮ್ಮೆ ಓದಲು ಹೇಳಿದಳು. ಸಂಜೆಯೊಳಗೆ ಪುರಸಭೆಯವರು ಬಂದು ಬಾಗಿಲಿಗೆ ಬೀಗ ಜಡಿದು ಅರಗಿನ ಮುದ್ರೆ ಒತ್ತಿ ಹೋದರು. ಮರುದಿನ ಬೆಳಿಗ್ಗೆ ಖಾರದ ಬುಟ್ಟಿ ಹೊತ್ತು ಬಂದ ಹೆಂಗಸರು ಬೀಗ ನೋಡಿ ಸ್ವಲ್ಪ ಹೊತ್ತು ನಿಂತು, ಇನ್ನೊಂದು ಗಿರಣಿಯ ಹಾದಿ ಹಿಡಿದರು. ಹುರಿದ ಮೆಣಸಿನಕಾಯಿ ಯಾರಿಗೂ ಕಾಯುವುದಿಲ್ಲ, ಅವರನ್ನು ಬೈಯುವಂತಿರಲಿಲ್ಲ.

ಹೊರಗಿನವರಿಗಾಗಿ ಇಲ್ಲಿ ಒಂದು ಮಾತು ಬಿಡಿಸಿ ಹೇಳಬೇಕು. ನಮ್ಮಲ್ಲಿ ದೊಡ್ಡವರು ಮಾತಾಡುತ್ತಿದ್ದಾಗ ಕೇಳುವವರು ಸುಮ್ಮನೆ ನಿಲ್ಲುವಂತಿಲ್ಲ. ಹೂಂಗುಟ್ಟಬೇಕು. ಅಜ್ಜಿ ಕಥೆ ಹೇಳುವಾಗ ಮೊಮ್ಮಗು ಹೂಂ ಅನ್ನದಿದ್ದರೆ ಕಥೆ ಅಲ್ಲಿಗೇ ನಿಲ್ಲುತ್ತದೆ. ಫೋನಿನಲ್ಲಿ ಈ ಕಡೆಯವರು ಹೂಂ ಅನ್ನದಿದ್ದರೆ ಆ ಕಡೆಯವರು ಲೈನು ಕಟ್ಟಾಯಿತೆಂದು ಇಟ್ಟುಬಿಡುತ್ತಾರೆ. ಹಿರಿಯರಾದರೆ, ಅಧಿಕಾರಿಯಾದರೆ, ಅದಕ್ಕೊಂದು ‘ರಿ’ ಸೇರಿಸಿ ಹೂನ್ರಿ. ಅನ್ನದೆ ಇದ್ದರೆ ಸೊಕ್ಕು ಎಂದು ಅರ್ಥ. ಅವರ ಮಾತು ಪೂರ್ತಿ ಮುಗಿದ ಮೇಲೆ ಕೇಳಿದವರ ಪಾಳಿ ಬರುತ್ತದೆ. ಆಗ ಗಂಟಲು ಸರಿಮಾಡಿಕೊಂಡು, ಆತ್ರಿ, ಈಗ ನಂದ ಕೇಳ್ರಿ ಎಂದು ಶುರು ಮಾಡುವುದು. ಚಿಗವ್ವ ಅವತ್ತು ತನ್ನ ಪಾಳಿಗಾಗಿ ಕಾಯುತ್ತಿದ್ದಳು. ಸಾಹೇಬರು ಅವಳ ಮರ್ಯಾದೆಯನ್ನೇ ತಪ್ಪೊಪ್ಪಿಗೆ ಎಂದು ಬರೆದುಕೊಂಡು ನೀರಿನ ಪೈಪು ನೋಡಲು ಹೋದರು.

ನನಗೆ ಸಿಟ್ಟು ಬಂತು. ಆ ಸಿಟ್ಟಿನಲ್ಲೇ ಕೂತು, ಗದಗಿನ ಮೇಲಧಿಕಾರಿಗಳಿಗೆ ಮೇಲ್ಮನವಿ ಟೈಪ್ ಮಾಡಿದೆ. ನೋಟಿಸಿಗೂ ವಿಚಾರಣೆಗೂ ನಡುವೆ ಒಂದು ರಾತ್ರಿಯಷ್ಟೇ ಕೊಟ್ಟರು, ಅರ್ಜಿದಾರಳ ಒಂದು ಮಾತನ್ನೂ ಕೇಳಲಿಲ್ಲ, ಅವಳು ಒಪ್ಪಿಕೊಳ್ಳದ್ದನ್ನು ಒಪ್ಪಿಕೊಂಡಂತೆ ಬರೆದಿದ್ದಾರೆ ಎಂದು ಬಡಿದೆ. ಓದಿ ಹೇಳಿದಾಗ ಚಿಗವ್ವ ಮೆಚ್ಚಲಿಲ್ಲ.

ತಾನು ಹೂಂ ಅಂದದ್ದು ಖರೇ ಅಲ್ಲವೇ ಎಂಬುದು ಅವಳ ಪ್ರಶ್ನೆ. ಅನ್ನಲಿಲ್ಲ ಎಂದು ಹೇಗೆ ಬರೆಯುವುದು? ಅವಳ ಮಗಳ ಮದುವೆ ಮಾತುಕತೆಯಲ್ಲಿ ಬೀಗರ ಮುಂದೆ ಅವಳು ಅಂದ ಒಂದು ಹೂಂನಿಂದ ಎಲ್ಲ ನಿಶ್ಚಯವಾಗಿತ್ತು. ಕಾಗದವಿಲ್ಲ, ಸಹಿಯಿಲ್ಲ, ಆದರೂ ಎರಡೂ ಮನೆಯವರು ಅದಕ್ಕೆ ಕಟ್ಟುಬಿದ್ದರು. ಒಮ್ಮೆ ಹೂಂ ಅಂದು ಆಮೇಲೆ ಇಲ್ಲವೆನ್ನುವವರು ಎಂಥವರು ಎಂದು ಅವಳಿಗೆ ಗೊತ್ತಿತ್ತು, ಆ ಸಾಲಿನಲ್ಲಿ ನಿಲ್ಲಲು ಮನಸ್ಸಿರಲಿಲ್ಲ. ಹಾಗಾದರೆ ಗಿರಣಿ ಹೋಗಲಿ ಎಂದೆ ನಾನು, ಸ್ವಲ್ಪ ಜೋರಾಗಿಯೇ. ಅವಳು ಕಾಗದದ ಕೊನೆಗೆ ಸಹಿ ಹಾಕಿದಳು. ಹಾಕಿದ ಮೇಲೂ ಮುಖ ಸಪ್ಪಗಿತ್ತು.

ಗದಗಿಗೆ ಹೋಗುವ ಮುನ್ನ ನಾನು ಅವಳಿಗೆ ತಾಲೀಮು ಕೊಟ್ಟೆ. ನಾನು ಅಧಿಕಾರಿ, ಸ್ಟೂಲಿನ ಮೇಲೆ ಕೂತು ದೂರು ಓದುವುದು. ಅವಳು ಹೂಂ ಅನ್ನದೆ ಕೇಳುವುದು. ಮೊದಲ ವಾಕ್ಯಕ್ಕೇ “ಹೂನ್ರಿ” ಬಂತು. ಬೈದೆ. ಎರಡನೆಯ ಸಲ ತುಟಿ ಬಿಗಿಹಿಡಿದಳು, ಆದರೆ ಮೂಗಿನಿಂದ ಬಂತು. ಆಮೇಲೆ ಸೆರಗಿನ ತುದಿಯನ್ನು ಹಲ್ಲಿನಲ್ಲಿ ಕಚ್ಚಿಕೊಂಡು ಕೇಳಿದಳು, ಆಗ ತಲೆ ಆಡತೊಡಗಿತು. ಹೂಂಗುಟ್ಟದೆ ಕೇಳಿದರೆ ತನಗೆ ಮಾತು ತಲೆಯೊಳಗೆ ಇಳಿಯುವುದೇ ಇಲ್ಲ ಎಂದು ಕೈಚೆಲ್ಲಿದಳು. ಇಬ್ಬರೂ ನಕ್ಕೆವು. ಬೀಗ ಬಿದ್ದ ಮೇಲೆ ಆ ಮನೆಯಲ್ಲಿ ನಗು ಕೇಳಿದ್ದು ಅದೇ ಮೊದಲು.

ಮೇಲ್ಮನವಿಯ ವಿಚಾರಣೆ ನಡೆಸಿದವರು ಒಬ್ಬ ಹೆಣ್ಣುಮಗಳು, ಕರಾವಳಿ ಕಡೆಯವರು. ಬಹಳ ಕಡಿಮೆ ಮಾತು. ಈ ಸಲ ನನ್ನನ್ನೂ ಒಳಗೆ ಬಿಟ್ಟರು. ಒಂದು ಕಡೆ ಪುರಸಭೆಯಿಂದ ಬಂದ ಗುಮಾಸ್ತರು, ಇನ್ನೊಂದು ಕಡೆ ಮಾಸ್ತರರು. ಅವರು ನಮ್ಮ ಬಸ್ಸಿನಲ್ಲೇ ಬಂದಿದ್ದರು. ಬಸ್ಸಿನಲ್ಲಿ ಅವರು ನಮ್ಮ ಕಡೆ ನೋಡಲಿಲ್ಲ, ನಾವೂ ಅವರ ಕಡೆ ನೋಡಲಿಲ್ಲ. ಅಧಿಕಾರಿ ಕಡತ ತಿರುವಿ ನೋಡಿ ನೇರವಾಗಿ ಚಿಗವ್ವನನ್ನೇ ಕೇಳಿದರು. ನೀವು ಒಪ್ಪಿಕೊಂಡಿದ್ದೀರಿ ಎಂದು ಆದೇಶದಲ್ಲಿದೆ, ಒಪ್ಪಿಕೊಂಡಿಲ್ಲ ಎಂದು ಮನವಿಯಲ್ಲಿದೆ, ಇದರಲ್ಲಿ ಯಾವುದು ನಿಜ?

ಚಿಗವ್ವ ಸೆರಗು ಬಾಯಿಂದ ತೆಗೆದಳು.

“ಹೂಂ ಅಂದೇನ್ರಿ,” ಎಂದಳು. “ಅಂದದ್ದನ್ನ ಅಂದಿಲ್ಲ ಅನ್ನಾಕ ನನಗ ಬರೂದಿಲ್ರಿ.”

ಗುಮಾಸ್ತರ ಮುಖ ಅರಳಿತು. ಅಧಿಕಾರಿ ಪೆನ್ನು ಕೈಗೆತ್ತಿಕೊಂಡರು. ಅಲ್ಲಿಗೆ ಎಲ್ಲ ಮುಗಿಯಿತು ಎಂದುಕೊಂಡೆ. ಎದ್ದು ನಿಂತು ಬಿಡಿಸಿ ಹೇಳಬೇಕೆಂದರೆ, ಜೊತೆಗೆ ಬಂದವರು ಮಾತಾಡುವಂತಿಲ್ಲ ಎಂದು ಮೊದಲೇ ಎಚ್ಚರಿಸಿದ್ದರು. ಚಿಗವ್ವನ ಮೇಲೆ ನನಗೆ ಅವತ್ತಿನಷ್ಟು ಸಿಟ್ಟು ಹಿಂದೆಂದೂ ಬಂದಿರಲಿಲ್ಲ. ಆಗ ಆ ಕಡೆಯ ಕುರ್ಚಿ ಸರಿದ ಸದ್ದಾಯಿತು. ಎದ್ದವರು ಮಾಸ್ತರರು.

ಅವರು ಮೊದಲು ತಾವು ಯಾರೆಂದು ಹೇಳಿಕೊಂಡರು. ದೂರು ತಮ್ಮದೇ, ಅದರಲ್ಲಿ ಒಂದಕ್ಷರವನ್ನೂ ಹಿಂತೆಗೆದುಕೊಳ್ಳುವುದಿಲ್ಲ, ಗಿರಣಿ ಅಲ್ಲಿಂದ ಹೋಗಬೇಕು ಎಂದರು. ಆಮೇಲೆ ಕನ್ನಡಕ ತೆಗೆದು ಕೈಯಲ್ಲಿ ಹಿಡಿದುಕೊಂಡರು.

“ಆದ್ರ ಮೇಡಮ್ಮರ, ಅವತ್ತು ನಾ ಅಲ್ಲೇ ಇದ್ದೆ. ಆಕಿ ಅಂದದ್ದು ಕೇಳೂ ಹೂಂ ರೀ, ಕೊಡೂ ಹೂಂ ಅಲ್ಲ. ಸಾಲಿಯೊಳಗ ಹುಡುಗ್ರು ಹೂನ್ರಿ ಅಂದದ್ದಕ್ಕ ಎಲ್ಲಾ ತಿಳೀತು ಅಂತ ತಿಳಕೊಂಡಿದ್ರ, ನಾ ಮಾಸ್ತರಕಿ ಮಾಡಿದ್ಹಂಗ ಇತ್ತು. ಆಕಿ ತನ್ನ ಮಾತು ಇನ್ನೂ ಚಾಲೂನ ಮಾಡಿರಲಿಲ್ಲ.”

ಅಧಿಕಾರಿ ಪೆನ್ನು ಕೆಳಗಿಟ್ಟರು. ಕೊಡುವ ಹೂಂ ಎಂದರೇನು ಎಂದು ವಿಚಾರಿಸಿದರು. ಮಾಸ್ತರರು ಪಾಠ ಮಾಡುವ ದನಿಯಲ್ಲೇ, ವಚನ ಕೊಟ್ಟಂತೆ ಅನ್ನುವುದು ಒಂದು, ನಿಮ್ಮ ಮಾತು ಕಿವಿಗೆ ಬಿತ್ತು ಮುಂದೆ ಹೇಳಿ ಎಂದು ಅನ್ನುವುದು ಇನ್ನೊಂದು ಎಂದು ವಿವರಿಸಿದರು. ಬೇಕಾದರೆ ಈಗಲೇ ನೋಡಿರಿ ಎಂದು ಚಿಗವ್ವನ ಕಡೆ ಕೈ ಮಾಡಿದರು. ಅವರು ಮಾತಾಡುತ್ತಿದ್ದಷ್ಟು ಹೊತ್ತೂ ಅವಳು ತನಗೇ ಗೊತ್ತಿಲ್ಲದೆ ಮೆತ್ತಗೆ ಹೂಂಗುಟ್ಟುತ್ತಿದ್ದಳು, ಗಿರಣಿ ಅಲ್ಲಿಂದ ಹೋಗಬೇಕು ಎಂಬ ಮಾತಿಗೂ ಸೇರಿಸಿ. ಅಧಿಕಾರಿ ಮೊದಲ ಸಲ ನಕ್ಕರು. ತಮ್ಮ ಎದುರಾಳಿಯ ಪರವಾಗಿ ಇಷ್ಟು ಮಾತಾಡಿದ ಮನುಷ್ಯ ಮರಳಿ ಹೋಗುವಾಗಲೂ ಬಸ್ಸಿನಲ್ಲಿ ನಮ್ಮ ಕಡೆ ನೋಡಲಿಲ್ಲ.

ಹಳೆಯ ಆದೇಶ ರದ್ದಾಯಿತು. ಪರವಾನಗಿದಾರಳಿಗೆ ಸಾಕಷ್ಟು ಸಮಯ ಕೊಟ್ಟು, ಅವಳ ಮಾತನ್ನು ಪೂರ್ತಿ ಕೇಳಿ, ಹೊಸದಾಗಿ ತೀರ್ಮಾನಿಸಬೇಕು ಎಂದು ಕಡತ ಮತ್ತೆ ಪುರಸಭೆಗೆ ಬಂತು. ತೀರ್ಮಾನವಾಗುವವರೆಗೆ ಬೀಗ ಹಾಗೆಯೇ ಇರಲಿ ಎಂದೂ ಅದರಲ್ಲೇ ಇತ್ತು. ನಾನು ಆ ಸಾಲನ್ನು ಓದಿದಾಗ ಚಿಗವ್ವ ಕ್ಯಾಲೆಂಡರಿನ ಕಡೆ ನೋಡಿದಳು. ಯುಗಾದಿ ದಾಟಿ ಬಹಳ ದಿನವಾಗಿತ್ತು.

ಎರಡನೆಯ ಸಲ ಮುಖ್ಯಾಧಿಕಾರಿಗಳು ನಿಜವಾಗಿಯೂ ಕೇಳಿದರು. ಪಾಪ, ಮೇಲಿನಿಂದ ಬಂದ ಕಾಗದದ ಹೆದರಿಕೆ ಸ್ವಲ್ಪ ಜಾಸ್ತಿಯೇ ಆಗಿತ್ತು. ಚಿಗವ್ವ ಹೂಂ ಅಂದಾಗಲೆಲ್ಲ ನಿಲ್ಲಿಸಿ, “ಇದು ಒಪ್ಕೊಂಡಿದ್ದೋ, ಕೇಳಿಸ್ಕೊಂಡಿದ್ದೋ?” ಎನ್ನುತ್ತಿದ್ದರು. ಕೇಳಿಸಿಕೊಂಡದ್ದು ಎಂದು ಅವಳು ಪ್ರತಿ ಸಲವೂ ಗಂಭೀರವಾಗಿ ಉತ್ತರ ಕೊಟ್ಟಳು. ಆಮೇಲೆ ಅವಳ ಪಾಳಿ ಬಂತು. ಬಂದದ್ದನ್ನು ಅವಳು ಲಗೂ ಬಿಟ್ಟುಕೊಡಲಿಲ್ಲ. ಯಂತ್ರ ಕೊಂಡದ್ದರಿಂದ ಹಿಡಿದು ಶುರು ಮಾಡಿದಳು. ಖಾರ ದಿನವೂ ಕುಟ್ಟುವುದಿಲ್ಲ, ಸಾಕಷ್ಟು ಬುಟ್ಟಿಗಳು ಕೂಡಿದ ದಿನ ಮಾತ್ರ, ವಾರಕ್ಕೆ ಎರಡೋ ಮೂರೋ ದಿನ ಎಂದಳು. ಬಟ್ಟೆಯ ಚೀಲ ತೆಗೆದು ಮೇಜಿನ ಮೇಲೆ ಬಿಡಿಸಿಟ್ಟಳು. ಘಾಟು ಗೋಡೆಯಾಚೆ ಹೋಗುವುದು ಸುಳ್ಳಲ್ಲ ಎಂದು ಯಾರೂ ಕೇಳದೆಯೇ ಹೇಳಿದಳು. ಮಾಸ್ತರರು ತಮ್ಮದನ್ನು ಹೇಳಿದರು. ನಿಮ್ಮ ಮನೆಯವರನ್ನು ಕರೆತರಲಿಲ್ಲವೇ ಎಂದು ಮುಖ್ಯಾಧಿಕಾರಿಗಳು ಕೇಳಿದ್ದಕ್ಕೆ, ಅವಳು ಇಂಥ ಕಡೆಗೆಲ್ಲ ಬರುವುದಿಲ್ಲ, ಅವಳದ್ದನ್ನೂ ತಾವೇ ಹೇಳಿದ್ದಾಗಿದೆ ಎಂದರು. ಅದು ಸರಿಯೆಂದೇ ಎಲ್ಲರಿಗೂ ಅನ್ನಿಸಿತು.

ಮುಖ್ಯಾಧಿಕಾರಿಗಳು ಸ್ಥಳ ನೋಡಲು ಬಂದರು. ಮುದ್ರೆ ಒಡೆಸಿ, ಒಂದು ಬುಟ್ಟಿ ಖಾರ ಕುಟ್ಟಿ ತೋರಿಸಲು ಹೇಳಿದರು. ಬಾಗಿಲಲ್ಲೇ ನಿಂತಿದ್ದರು, ಆದರೂ ಸೀನಿ ಸೀನಿ ಕಣ್ಣು ಕೆಂಪಾಗಿ, ಮುಂದಿನ ಪ್ರಶ್ನೆಗಳನ್ನು ಓಣಿಯ ತುದಿಗೆ ಹೋಗಿ ಕೇಳಬೇಕಾಯಿತು. ಸುಮ್ಮನೆ ಕೂತು ಕಾಗದ ಓದಿದ್ದರೆ ಅವರಿಗೆ ಇಷ್ಟು ತಿಳಿಯುತ್ತಿರಲಿಲ್ಲ. ಕೊನೆಗೆ ಹೊಸ ಆದೇಶ ಬಂತು. ಪರವಾನಗಿ ಉಳಿಯಿತು, ಶರತ್ತುಗಳ ಮೇಲೆ. ಖಾರದ ಯಂತ್ರವನ್ನು ಮಾಸ್ತರರ ಗೋಡೆಯಿಂದ ತೆಗೆದು ಆಚೆ ಬದಿಗೆ ಇಡಬೇಕು, ಹೊಗೆ ಕೊಳವೆಯಂಥದ್ದನ್ನು ಚಾವಣಿಯ ಮೇಲೆ ಎತ್ತರಿಸಿ ಕಟ್ಟಿಸಬೇಕು, ಮಧ್ಯಾಹ್ನದ ಮೇಲೆ ಕುಟ್ಟಬಾರದು. ಚಿಗವ್ವ ಈ ಶರತ್ತುಗಳನ್ನು ಒಂದೇ ಸಲ ಕೇಳಿದಳು. ಅವಳು ಮತ್ತೆ ಮತ್ತೆ ಓದಿಸಿದ್ದು ಅದರ ಮೇಲಿನ ಭಾಗವನ್ನು. ‘ಪರವಾನಗಿದಾರರು ಹೇಳಿದ್ದೇನೆಂದರೆ’ ಎಂದು ಶುರುವಾಗಿ ಒಂದೂವರೆ ಪುಟ ಅವಳ ಮಾತೇ ಇತ್ತು, ಚೀಲ ಹೊಲಿಸಿದ ದರ್ಜಿಯ ಸಂಗತಿ ಕೂಡ ಬಿಟ್ಟಿರಲಿಲ್ಲ.

ಅಷ್ಟರಲ್ಲಿ ರೋಹಿಣಿ ಮಳೆ ಹಿಡಿದಿತ್ತು. ಬೀಗ ತೆಗೆದ ದಿನ ಗಿರಣಿ ಮುಗ್ಗಲು ವಾಸನೆ ಹೊಡೆಯುತ್ತಿತ್ತು. ಖಾರದ ಹೆಂಗಸರೆಲ್ಲ ಬೇರೆ ಕಡೆ ಕುಟ್ಟಿಸಿ, ಡಬ್ಬಿ ತುಂಬಿ ಅಟ್ಟದ ಮೇಲಿಟ್ಟಾಗಿತ್ತು. ಆ ವರ್ಷಕ್ಕೆ ಜೋಳದ ಯಂತ್ರವೇ ಗತಿ. ಅವಳ ಮಾತು ಕೇಳಿದರು ಎಂಬುದೇನೋ ನಿಜ, ಆದರೆ ಹಂಗಾಮಿನಲ್ಲಿ ಕೇಳಲಿಲ್ಲ. ನನಗೆ ಈ ವಿಷಯದಲ್ಲಿ ಇವತ್ತಿಗೂ ಸಮಾಧಾನವಿಲ್ಲ. ಚಿಗವ್ವ ಅಷ್ಟು ಹಚ್ಚಿಕೊಳ್ಳಲಿಲ್ಲ. ಹೊಟ್ಟೆಗೆ ಹೇಗೋ ಆಗುತ್ತದೆ, ಅಂದಿಲ್ಲದ್ದನ್ನು ಅಂದಳು ಎಂದು ಸರಕಾರದಲ್ಲಿ ಬರೆದಿಟ್ಟದ್ದು ಹೋಯಿತಲ್ಲ ಎನ್ನುವುದು ಅವಳ ಲೆಕ್ಕ.

ಮಳೆ ಬಿಡುವು ಕೊಟ್ಟ ಒಂದು ಮಧ್ಯಾಹ್ನ ಅವಳು ಶೇಂಗಾ ಉಂಡಿ ಕಟ್ಟಿ ಡಬ್ಬಿಯಲ್ಲಿ ಹಾಕಿಕೊಂಡು ನನ್ನ ಅಂಗಡಿಗೆ ಬಂದಳು. ಗದಗಿನಲ್ಲಿ ಆ ಮನುಷ್ಯ ಖರೇ ಮಾತು ಹೇಳಿದರು, ತಕರಾರು ಇದ್ದರೆ ಇರಲಿ, ಮನೆಗೆ ಹೋಗಿ ಒಂದು ಮಾತು ಅಂದು ಬರೋಣ ನಡೆ ಎಂದಳು. ದೂರು ಬಿದ್ದಾಗಿನಿಂದ ಎರಡು ಮನೆಗಳ ನಡುವೆ ಮಾತು ನಿಂತಿತ್ತು. ಒಬ್ಬಳೇ ಆ ಹೊಸ್ತಿಲು ತುಳಿಯಲು ಅವಳಿಗೆ ಧೈರ್ಯವಿರಲಿಲ್ಲ.

ಮಾಸ್ತರರು ಇರಲಿಲ್ಲ, ಅಮಾವಾಸ್ಯೆಯೆಂದು ಇಟಗಿಯ ಗುಡಿಗೆ ಹೋಗಿದ್ದರು. ಬಾಗಿಲು ತೆಗೆದವರು ಅವರ ಹೆಂಡತಿ. ಸಣ್ಣ ಜೀವ, ಮಾತಿಗೊಮ್ಮೆ ನಿಂತು ಉಸಿರು ತೆಗೆದುಕೊಳ್ಳುತ್ತಿದ್ದರು. ನಮ್ಮನ್ನು ನೋಡಿ ಗಾಬರಿಯಾದರು, ಆದರೂ ಒಳಗೆ ಕರೆದು ಚಾಪೆ ಹಾಸಿದರು. ಚಿಗವ್ವ ಬಂದ ಕಾರಣ ಹೇಳಿದಳು. ಯಂತ್ರವನ್ನು ಗೋಡೆಯಿಂದ ಸರಿಸಿದ್ದೇವೆ, ಬರುವ ವರ್ಷ ನಿಮಗೆ ಇಷ್ಟು ತೊಂದರೆ ಆಗಲಿಕ್ಕಿಲ್ಲ ಎಂದಳು. ಅವರು ಎಲ್ಲ ಕೇಳಿಸಿಕೊಂಡರು.

“ಘಾಟು ನನಗ ತ್ರಾಸ ಆಗೂದು ಖರೇ ತಂಗಿ,” ಎಂದರು. “ಆದ್ರ ಗಿರಣಿ ಮುಚ್ಚಸ್ರಿ ಅಂತ ನಾ ಎಂದೂ ಅಂದಿಲ್ಲ. ಶಿರೋಳದಾಗ ನಮ್ಮಕ್ಕ ಅದಾಳ. ನಾಳಿ ಖಾರ ಐತಿ ಅಂತ ಗ್ವಾಡಿ ಮ್ಯಾಲಿಂದ ಒಂದ ಮಾತು ಹೇಳಿದ್ರ, ಮುಂಜಾನಿ ಬಸ್ಸಿಗೆ ಹೋಗಿ ಸಂಜಿಗೆ ಬರ್ತಿದ್ದೆ. ಅಕ್ಕನ್ನೂ ನೋಡಿದಂಗ ಆಗ್ತಿತ್ತು.”

ಅವರ ದನಿಯಲ್ಲಿ ದೂರು ಇರಲಿಲ್ಲ. ದೂರು ಕೊಡುವ ಮುನ್ನ ಗಂಡ ತನ್ನನ್ನು ಕೇಳಿರಲಿಲ್ಲ, ಕೊಟ್ಟ ಮೇಲೆ ಸುದ್ದಿ ಹೇಳಿದರು ಎಂದರು. ಪುರಸಭೆಯಿಂದ ಬಂದ ಸಾಹೇಬರು ಗಿರಣಿ ನೋಡಿ, ಓಣಿಯ ತುದಿಯಲ್ಲಿ ನಿಂತು ಮಾತಾಡಿ ಹೋದದ್ದನ್ನು ಕಿಟಕಿಯಿಂದ ನೋಡಿದೆ, ನಮ್ಮ ಮನೆಗೂ ಬರುತ್ತಾರೇನೋ ಎಂದು ಚಹಾದ ನೀರು ಇಟ್ಟಿದ್ದೆ ಎಂದರು. ಇಷ್ಟು ಹೇಳುವಷ್ಟರಲ್ಲಿ ಅವರು ಉಸಿರಿಗಾಗಿ ಮೂರು ಕಡೆ ನಿಲ್ಲಬೇಕಾಯಿತು.

ಆ ಪ್ರಕರಣದ ಕಾಗದಗಳೆಲ್ಲ ನನ್ನ ಕೈಯಿಂದಲೇ ದಾಟಿ ಹೋಗಿದ್ದವು. ‘ದೂರುದಾರರ ಪತ್ನಿಯ ಆರೋಗ್ಯ’ ಎಂಬ ಮಾತಿಲ್ಲದ ಪುಟ ಅವುಗಳಲ್ಲಿ ಇರಲಿಲ್ಲ. ‘ದೂರುದಾರರ ಪತ್ನಿ ಹೇಳಿದ್ದೇನೆಂದರೆ’ ಎಂಬ ಸಾಲು ಒಂದರಲ್ಲೂ ಇರಲಿಲ್ಲ.

ಚಿಗವ್ವ ಡಬ್ಬಿಯನ್ನು ಅವರ ಮುಂದೆ ಸರಿಸಲು ಹೋದವಳು ಅರ್ಧದಲ್ಲೇ ಕೈ ನಿಲ್ಲಿಸಿದಳು.

“ನನ್ನ ಮಾತು ಕೇಳಲಿಲ್ಲಂತ ಊರ ತುಂಬ ಹೇಳಿಕೋತ ಅಡ್ಡಾಡೀನಿ ಅಕ್ಕಾ,” ಎಂದಳು. “ಗದಗಿನ ತನಕಾ ಹೋಗಿ ಹೇಳೀನಿ. ನಮ್ಮಿಬ್ಬರ ನಡಕ ಇರೂದು ಒಂದ ಗ್ವಾಡಿ. ನಾ ನಿಮ್ಮನ್ನ ಒಂದ ದಿನಾ ಕೇಳಲಿಲ್ಲ.”

ಚಿಗವ್ವ ಅಳುತ್ತಿದ್ದಳು. ಗಿರಣಿಗೆ ಬೀಗ ಬಿದ್ದ ದಿನವೂ ಅವಳು ಅತ್ತಿರಲಿಲ್ಲ.